ಬೆಂಕಿ ಹಚ್ಚುವ ಮೊದಲು ಈ ವಾಟಲ್ ಗಿಡಗಳನ್ನು ಕಿತ್ತು ತರಬಹುದೇ?

ಏಣುದಾರಿ · ಜೂನ್ 14

ಎಲ್ಲರಿಗೂ ನಮಸ್ಕಾರ. ನಾನಿರುವುದು ಸಿಡ್ನಿಯ ಉತ್ತರ ಭಾಗದಲ್ಲಿ. ಮನೆಯ ಹಿಂದಿನ ಬೀದಿ ಮುಗಿಯುವಲ್ಲಿ ಮರಳುಗಲ್ಲಿನ ಒಂದು ಏಣು ಇದೆ, ಅದರ ಮೇಲೆ ಕಾಲುದಾರಿ. ಆರು ವರ್ಷಗಳಿಂದ ಪ್ರತಿ ಶನಿವಾರ ಅಲ್ಲಿ ನಡೆಯುತ್ತೇನೆ. ಚಳಿಗಾಲ ಬಂದರೆ ಆ ದಾರಿಯ ಒಂದು ತಿರುವಿನಲ್ಲಿ ಒಂದು ಕುರುಚಲು ವಾಟಲ್ ಗಿಡ (ನಮ್ಮ ಜಾಲಿಯ ನೆಂಟ) ಹೂ ಬಿಡುತ್ತದೆ. ಗಿಡ ಕಣ್ಣಿಗೆ ಬೀಳುವ ಮೊದಲೇ ಪರಿಮಳ ಮೂಗಿಗೆ ಬರುತ್ತದೆ.

ನನಗೆ ಕಂಡಷ್ಟು ವಿವರ ಕೊಡುತ್ತೇನೆ. ಎತ್ತರ ಮೊಣಕಾಲಿನಿಂದ ಸೊಂಟದವರೆಗೆ. ಕೊಂಬೆಗಳು ವಿರಳ, ಒತ್ತಾಗಿ ಬೆಳೆಯುವ ಪೊದೆಯಲ್ಲ. ಎಳೆಯ ಕೊಂಬೆಯನ್ನು ಬೆರಳ ನಡುವೆ ಹೊರಳಿಸಿದರೆ ಗುಂಡಗಿಲ್ಲ, ಅಂಚುಗಳಿವೆ. ಎಲೆ ನೀಳ, ಕಿರಿದು, ಬಣ್ಣದಲ್ಲಿ ಹಸಿರಿಗಿಂತ ನೀಲಿಯ ಛಾಯೆ ಹೆಚ್ಚು. ಹೂವು ಬಟಾಣಿಗಿಂತ ಚಿಕ್ಕ ಉಂಡೆ, ಬಣ್ಣ ಬೆಣ್ಣೆಯಂಥ ತಿಳಿಹಳದಿ. ನನಗೆ ಅತಿ ವಿಶೇಷವಾಗಿ ಕಂಡದ್ದು ಮೊಗ್ಗು. ಒಂದರ ಮೇಲೊಂದು ಹೊದಿಸಿದ ಕಂದು ಪೊರೆಗಳೊಳಗೆ ಇಡೀ ಗೊಂಚಲು ಮುಚ್ಚಿಕೊಂಡಿರುತ್ತದೆ. ಅದು ತೆರೆದುಕೊಳ್ಳುವಾಗ ಪೊರೆಗಳು ಉದುರಿ ಬೀಳುತ್ತವೆ.

ಕಳೆದ ವಾರ ದಾರಿಯ ಆರಂಭದಲ್ಲಿ ಒಂದು ಫಲಕ ಹಾಕಿದ್ದಾರೆ. ಆಗಸ್ಟ್ ಮುಗಿಯುವುದರೊಳಗೆ ಈ ಏಣಿನ ಮೇಲೆ, ಕಾಳ್ಗಿಚ್ಚಿಗೆ ಸಿಗಬಹುದಾದ ಒಣಕಸವನ್ನು ಮೊದಲೇ ಸುಡುವ ಮುಂಜಾಗ್ರತೆಯ ಬೆಂಕಿ ಹಚ್ಚುತ್ತಾರಂತೆ. ಮನೆಗಳ ರಕ್ಷಣೆಗೆ ಅದು ಬೇಕು, ಒಪ್ಪುತ್ತೇನೆ. ಆದರೆ ಆ ತಿರುವಿನಲ್ಲಿ ಈ ಗಿಡಗಳಿರುವುದು ಹನ್ನೊಂದೇ. ನಾನು ಎಣಿಸಿದ್ದೇನೆ. ಎರಡು ಮೂರನ್ನು ಬೇರು ಸಮೇತ ಅಗೆದು ತಂದು ಹಿತ್ತಲಿನಲ್ಲಿ ನೆಟ್ಟರೆ ಉಳಿದಾವೇ? ಇದು ಯಾವ ವಾಟಲ್?

ಕಾಡುಹೂ · ಜೂನ್ 14

ಮೊಗ್ಗಿನ ಪೊರೆಯ ಬಗ್ಗೆ ಬರೆದದ್ದು ಒಳ್ಳೆಯದಾಯಿತು, ಗುರುತು ಅದರಲ್ಲೇ ಇದೆ. ಇದು ಸ್ವೀಟ್ ವಾಟಲ್, ಸಸ್ಯಶಾಸ್ತ್ರದ ಹೆಸರು ಅಕೇಶಿಯಾ ಸುವೇವಿಯೋಲೆನ್ಸ್. ಆ ಲ್ಯಾಟಿನ್ ಪದದ ಅರ್ಥವೇ ಸುವಾಸನೆಯುಳ್ಳದ್ದು ಎಂದು. ಏಪ್ರಿಲ್‌ನಿಂದ ಸೆಪ್ಟೆಂಬರ್‌ವರೆಗೆ ಹೂ ಬಿಡುತ್ತದೆ. ಕ್ವೀನ್ಸ್‌ಲ್ಯಾಂಡಿನ ದಕ್ಷಿಣ ಕರಾವಳಿಯಿಂದ ನ್ಯೂ ಸೌತ್ ವೇಲ್ಸ್, ವಿಕ್ಟೋರಿಯಾ ದಾಟಿ ದಕ್ಷಿಣ ಆಸ್ಟ್ರೇಲಿಯಾದ ಮೂಲೆಯವರೆಗೆ, ಟಾಸ್ಮೇನಿಯಾದಲ್ಲೂ ಸಿಗುತ್ತದೆ. ಎಲ್ಲ ಕಡೆಯೂ ಅದು ಹುಡುಕುವುದು ಒಂದನ್ನೇ: ಮರಳು ಮಣ್ಣು, ಕುರುಚಲು ಬಯಲು, ಇಲ್ಲವೇ ವಿರಳವಾದ ನೀಲಗಿರಿ ಮರಗಳ ಕೆಳಗಿನ ಬಿಸಿಲು.

ನಿಮ್ಮ ಏಣಿನ ಮೇಲೆ ಇದರ ನೆಂಟರೂ ಇದ್ದಾರು. ಹೂವು ಉಂಡೆಯಾಗಿರದೆ ಕಂಬಳಿಹುಳುವಿನಂತೆ ಉದ್ದಕ್ಕಿದ್ದರೆ ಅದು ಸಿಡ್ನಿ ಗೋಲ್ಡನ್ ವಾಟಲ್. ಎಲೆ ಅಗಲವಾಗಿ, ಕೊಂಬೆ ಕೆಂಪಗಿದ್ದರೆ ಮರ್ಟಲ್ ವಾಟಲ್. ಮುಟ್ಟಿದರೆ ಚುಚ್ಚುವ ಸೂಜಿಯಂಥ ಎಲೆಗಳಿದ್ದರೆ ಪ್ರಿಕ್ಲಿ ಮೋಸಸ್. ಎಲೆ ನಮ್ಮ ಜಾಲಿಯ ಹಾಗೆ ಸಣ್ಣ ಸಣ್ಣದಾಗಿ ಸೀಳಿದ್ದರೆ ಸನ್‌ಶೈನ್ ವಾಟಲ್. ಪೊರೆ ಹೊದ್ದ ಮೊಗ್ಗು, ಅಂಚುಳ್ಳ ಕೊಂಬೆ, ನೀಲಿ ಎಲೆ ಮೂರೂ ಸೇರಿದರೆ ಸ್ವೀಟ್ ವಾಟಲ್ ಬಿಟ್ಟು ಬೇರೆಯಲ್ಲ.

ಒಂದು ಮಾತು ಸೇರಿಸಲೇಬೇಕು. ನೀವು ನೀಳ ಎಲೆ ಎಂದು ಕರೆದದ್ದು ಎಲೆಯಲ್ಲ, ಎಲೆಯ ತೊಟ್ಟು. ಅದೇ ಚಪ್ಪಟೆಯಾಗಿ, ಹಸಿರಾಗಿ, ಎಲೆಯ ಕೆಲಸವನ್ನೆಲ್ಲ ವಹಿಸಿಕೊಂಡಿದೆ. ಇದನ್ನು ಫಿಲೋಡ್ ಎನ್ನುತ್ತಾರೆ. ಆಸ್ಟ್ರೇಲಿಯಾದ ಬಹುಪಾಲು ವಾಟಲ್‌ಗಳು ಹೀಗೆಯೇ. ಫಿಲೋಡ್ ಸಾಮಾನ್ಯವಾಗಿ ಅಂಚನ್ನು ಆಕಾಶಕ್ಕೆ ತೋರಿಸಿ ನಿಲ್ಲುತ್ತದೆ. ಹಾಗಾಗಿ ನಡು ಮಧ್ಯಾಹ್ನದ ಬಿಸಿಲು ಮೈಮೇಲೆ ನೇರವಾಗಿ ಬೀಳುವುದಿಲ್ಲ, ಬೆಳಗಿನ ಮತ್ತು ಸಂಜೆಯ ಬೆಳಕು ಬೀಳುತ್ತದೆ.

ಮರಳುಮಣ್ಣು · ಜೂನ್ 15

ಏಣುದಾರಿಯವರೇ, ದಯವಿಟ್ಟು ಅಗೆಯಬೇಡಿ. ಇದನ್ನು ಗದರಿಸಲು ಹೇಳುತ್ತಿಲ್ಲ. ಹತ್ತು ವರ್ಷದ ಹಿಂದೆ ನಾನೇ ಅಗೆಯಲು ಹೊರಟಿದ್ದವನು. ಈಗ ತಿಂಗಳಿಗೆರಡು ಭಾನುವಾರ ಸ್ವಯಂಸೇವಕರ ಗುಂಪಿನೊಂದಿಗೆ ಕಾಡಿನ ಅಂಚಿನಲ್ಲಿ ಕಳೆ ಕೀಳುತ್ತೇನೆ.

ಕಾನೂನಿನ ಮಾತನ್ನು ಮೊದಲು ಮುಗಿಸುತ್ತೇನೆ. ರಾಷ್ಟ್ರೀಯ ಉದ್ಯಾನದೊಳಗೆ ಗಿಡ ಕೀಳುವುದಿರಲಿ, ಹೂ ಕೊಯ್ಯುವುದೂ ಅಪರಾಧ. ನಿಮ್ಮ ಏಣು ಕೌನ್ಸಿಲ್‌ನದ್ದಾಗಿದ್ದರೂ (ಸ್ಥಳೀಯ ಆಡಳಿತದ್ದು) ಅನುಮತಿ ಇಲ್ಲದೆ ಸಸಿ ತರುವಂತಿಲ್ಲ.

ಕಾನೂನು ಬಿಡುವು ಕೊಟ್ಟರೂ ಗಿಡ ಕೊಡುವುದಿಲ್ಲ. ಮರಳುಗಲ್ಲಿನ ಬಿರುಕಿನಲ್ಲಿ ಬೇರು ಬಿಟ್ಟ ಗಿಡವನ್ನು ಸಲಿಕೆಯಿಂದ ಎತ್ತಿದರೆ ಅರ್ಧ ಬೇರು ಅಲ್ಲೇ ಉಳಿಯುತ್ತದೆ. ಆ ಬೇರಿನ ಗಂಟುಗಳಲ್ಲಿ ಗಾಳಿಯ ಸಾರಜನಕವನ್ನು ಹಿಡಿದುಕೊಡುವ ಬ್ಯಾಕ್ಟೀರಿಯಾಗಳಿವೆ, ಇಷ್ಟು ಬಡ ಮಣ್ಣಿನಲ್ಲಿ ಗಿಡ ಬದುಕಿರುವುದು ಆ ಕೂಟದ ಬಲದಿಂದ. ಅದನ್ನು ಮುರಿದು ಹಿತ್ತಲಿನ ಗೊಬ್ಬರದ ಮಣ್ಣಿಗೆ ಹಾಕಿದರೆ ವಾರಗಳಲ್ಲಿ ಒಣಗುತ್ತದೆ. ಮೇಲಾಗಿ ಸ್ವೀಟ್ ವಾಟಲ್ ದೀರ್ಘಾಯುಷಿಯಲ್ಲ. ಬೆಂಕಿ ಬರದಿದ್ದರೂ ಹದಿನೈದು ಇಪ್ಪತ್ತು ವರ್ಷದೊಳಗೆ ತಾನಾಗಿ ಸಾಯುತ್ತದೆ. ಆರು ವರ್ಷಗಳಿಂದ ನೋಡುತ್ತಿದ್ದೀರಲ್ಲ, ನೆನಪಿಸಿಕೊಂಡು ಹೇಳಿ: ಮೊದಲು ಹನ್ನೊಂದಕ್ಕಿಂತ ಹೆಚ್ಚಿದ್ದವೇ?

ಏಣುದಾರಿ · ಜೂನ್ 15

ಹೌದು. ನೀವು ಕೇಳುವವರೆಗೆ ನಾನು ಅದನ್ನು ಯೋಚಿಸಿರಲಿಲ್ಲ. ಹಳೆಯ ಚಿತ್ರಗಳನ್ನು ತೆಗೆದು ನೋಡಿದೆ. ಆರು ವರ್ಷದ ಹಿಂದೆ ಅದೇ ತಿರುವಿನಲ್ಲಿ ಕನಿಷ್ಠ ಇಪ್ಪತ್ತೈದು ಗಿಡಗಳಿವೆ. ಹಿಂದೆ ಇದ್ದ ಜಾಗದಲ್ಲಿ ಈಗ ಬ್ಯಾಂಕ್ಸಿಯಾ ಎತ್ತರಕ್ಕೆ ಬೆಳೆದು ನೆರಳು ಮಾಡಿದೆ. ಅಂದರೆ ಬೆಂಕಿ ಬರುವ ಮೊದಲೇ ಇವು ಕಡಿಮೆಯಾಗುತ್ತಿವೆ.

ಪದಕುತೂಹಲಿ · ಜೂನ್ 16

ನನ್ನದು ಸ್ವಲ್ಪ ಪಕ್ಕದ ದಾರಿ, ಕ್ಷಮಿಸಿ. ವಾಟಲ್ ಎಂಬ ಹೆಸರು ಗಿಡದ್ದಲ್ಲ, ಗೋಡೆಯದ್ದು. ಕೋಲುಗಳನ್ನು ತಡಿಕೆಯಾಗಿ ಹೆಣೆದು ಮಣ್ಣು ಮೆತ್ತುವ ಗೋಡೆಗೆ ಇಂಗ್ಲಿಷ್‌ನಲ್ಲಿ ಇದ್ದ ಹಳೆಯ ಪದ. ಸಿಡ್ನಿಗೆ ಬಂದಿಳಿದ ಮೊದಲ ವಲಸಿಗರು ಗುಡಿಸಲು ಕಟ್ಟಲು ತೊರೆಯ ಬದಿಯ ಒಂದು ಗಿಡದ ಕೋಲುಗಳನ್ನು ಕಡಿದರು, ಆ ಗಿಡವನ್ನು ಬ್ಲ್ಯಾಕ್ ವಾಟಲ್ ಎಂದು ಕರೆದರು. ಸಿಡ್ನಿಯ ಬ್ಲ್ಯಾಕ್‌ವಾಟಲ್ ಬೇ ಎಂಬ ಕೊಲ್ಲಿಗೆ ಆ ಹೆಸರು ಹಾಗೆ ಬಂತು. ಆದರೆ ಆ ಗಿಡ ಅಕೇಶಿಯಾ ಅಲ್ಲವೇ ಅಲ್ಲ! ಅದು ಕ್ಯಾಲಿಕೋಮಾ, ಬೇರೆಯದೇ ಕುಟುಂಬ. ಅದರ ಹೂವೂ ಹಳದಿ ಬೆಣ್ಣೆಯ ಉಂಡೆಯಂತಿರುತ್ತದೆ. ಹೆಸರು ಆಮೇಲೆ ಅಕೇಶಿಯಾಗಳಿಗೆ ದಾಟಿಕೊಂಡಿತು.

ಅಕೇಶಿಯಾ ಎಂಬ ಹೆಸರಿಗೂ ಇಂಥದ್ದೇ ಕಥೆ. ಗ್ರೀಕ್ ಭಾಷೆಯ ಮೊನೆ, ಮುಳ್ಳು ಎಂಬ ಅರ್ಥದ ಪದದಿಂದ ಬಂದದ್ದು, ಹುಟ್ಟಿದ್ದು ಕರಿಜಾಲಿಯಂಥ ಮುಳ್ಳಿನ ಮರಗಳಿಗೆ. ಈ ದೊಡ್ಡ ಕುಲವನ್ನು ಒಡೆಯಬೇಕಾಗಿ ಬಂದಾಗ ಹೆಸರು ಯಾರ ಪಾಲಿಗೆ ಎಂದು ಸಸ್ಯಶಾಸ್ತ್ರಜ್ಞರಲ್ಲಿ ಭಾರಿ ವಾದ ನಡೆಯಿತು. 2005ರ ವಿಯೆನ್ನಾ ಸಮ್ಮೇಳನದಲ್ಲಿ ಆಸ್ಟ್ರೇಲಿಯಾದ ಪರ ತೀರ್ಮಾನವಾಯಿತು, 2011ರಲ್ಲಿ ಮೆಲ್ಬರ್ನ್‌ನಲ್ಲಿ ಅದು ಗಟ್ಟಿಯಾಯಿತು. ನಮ್ಮ ಕರಿಜಾಲಿ ಈಗ ವ್ಯಾಚೆಲಿಯಾ. ಸುಮಾರು ಸಾವಿರ ಬಗೆಯ ಆಸ್ಟ್ರೇಲಿಯಾದ ವಾಟಲ್‌ಗಳು ಅಕೇಶಿಯಾಗಳಾಗಿಯೇ ಉಳಿದವು, ಅವುಗಳಲ್ಲಿ ಬಹುತೇಕಕ್ಕೆ ಮುಳ್ಳೇ ಇಲ್ಲ. ಮುಳ್ಳಿನ ಹೆಸರು ಮುಳ್ಳಿರುವವರಿಂದ ಹೋದದ್ದು ನನಗೆ ಇಂದಿಗೂ ಬೇಸರದ ಸಂಗತಿ.

ಹೊಸಬ · ಜೂನ್ 16

ಇದು ಆಸ್ಟ್ರೇಲಿಯಾದ ರಾಷ್ಟ್ರೀಯ ಹೂವಲ್ಲವೇ? ಕ್ರಿಕೆಟ್ ತಂಡದ ಹಸಿರು ಹಳದಿ ಇದರಿಂದಲೇ ಬಂದದ್ದು ಎಂದು ಕೇಳಿದ್ದೇನೆ. ಇನ್ನೊಂದು ಪ್ರಶ್ನೆ: ವಾಟಲ್ ಅರಳಿದರೆ ನನ್ನ ಹೆಂಡತಿಗೆ ಸೀನು ಶುರುವಾಗುತ್ತದೆ. ಹಿತ್ತಲಿನಲ್ಲಿ ನೆಡುವುದು ಸರಿಯೇ?

ಅಡಿಲೇಡ್ ಅಜ್ಜಿ · ಜೂನ್ 17

ಮಗೂ, ರಾಷ್ಟ್ರೀಯ ಹೂವು ಇದರ ದೊಡ್ಡಕ್ಕ, ಗೋಲ್ಡನ್ ವಾಟಲ್. ಅಕೇಶಿಯಾ ಪಿಕ್ನಾಂತಾ. ಅದು ನಮ್ಮ ಕಡೆಯದು. ದಕ್ಷಿಣ ಆಸ್ಟ್ರೇಲಿಯಾ, ವಿಕ್ಟೋರಿಯಾ, ಕ್ಯಾನ್‌ಬೆರಾ ಸುತ್ತಿನ ಒಣ ಗುಡ್ಡಗಳಲ್ಲಿ ನೀಲಗಿರಿ ಮರಗಳ ಕೆಳಗೆ ಬೆಳೆಯುತ್ತದೆ. ಆಗಸ್ಟ್‌ನಲ್ಲಿ ನಮ್ಮ ಮನೆಯ ಎದುರಿನ ಗುಡ್ಡವನ್ನು ನೋಡಿದರೆ ಯಾರೋ ಅರಿಸಿನ ಕಲಸಿ ಚೆಲ್ಲಿದಂತೆ ಕಾಣುತ್ತದೆ. ದೇಶದ ಲಾಂಛನದಲ್ಲಿ ವಾಟಲ್ 1912ರಿಂದ ಇದೆ, ಹಸಿರು ಮತ್ತು ಹೊಂಬಣ್ಣ ಅಧಿಕೃತ ರಾಷ್ಟ್ರೀಯ ಬಣ್ಣಗಳಾದದ್ದು 1984ರಲ್ಲಿ. ಆದರೆ ಇದನ್ನು ರಾಷ್ಟ್ರೀಯ ಹೂವೆಂದು ವಿಧಿವತ್ತಾಗಿ ಸಾರಿದ್ದು 1988ರ ಸೆಪ್ಟೆಂಬರ್ 1ರಂದು. 1992ರಿಂದ ಆ ದಿನ ದೇಶಕ್ಕೆಲ್ಲ ವಾಟಲ್ ದಿನ.

ಸೀನಿನ ಬಗ್ಗೆ: ವಾಟಲ್‌ನ ಪರಾಗ ಭಾರವಾದದ್ದು, ಅಂಟುವಂಥದ್ದು, ಗಾಳಿಯಲ್ಲಿ ದೂರ ಹೋಗುವುದಿಲ್ಲ. ಅದನ್ನು ಹೊತ್ತು ಸಾಗಿಸುವುದು ಕೀಟಗಳು. ಅದೇ ಹೊತ್ತಿಗೆ ಹುಲ್ಲುಗಳ ಮತ್ತು ಹೊರಗಿನಿಂದ ತಂದ ಕೆಲವು ಮರಗಳ ಪರಾಗ ಕಣ್ಣಿಗೆ ಕಾಣದಂತೆ ಗಾಳಿಯಲ್ಲಿ ತುಂಬಿರುತ್ತದೆ. ಕಣ್ಣಿಗೆ ಎದ್ದು ಕಾಣುವ ಹಳದಿಗೆ ಅಪವಾದ ಬರುತ್ತದೆ. ಹೆಂಡತಿಯವರಿಗೆ ಒಮ್ಮೆ ಅಲರ್ಜಿ ಪರೀಕ್ಷೆ ಮಾಡಿಸಿ, ಊಹೆಯ ಮೇಲೆ ಗಿಡ ಕಡಿಯಬೇಡಿ.

ಹಕ್ಕಿಜಾಡು · ಜೂನ್ 17

ವಾಟಲ್ ಹೂವಿನಲ್ಲಿ ಮಕರಂದವಿಲ್ಲ ಎಂಬುದು ಇಲ್ಲಿ ಎಷ್ಟು ಜನರಿಗೆ ಗೊತ್ತು? ಆ ಹಳದಿ ಉಂಡೆಯೆಲ್ಲ ಬರೀ ಕೇಸರಗಳು. ಸಿಹಿ ಇರುವುದು ಎಲೆಯ ಬುಡದ ಒಂದು ಪುಟ್ಟ ಗ್ರಂಥಿಯಲ್ಲಿ. ಸನ್‌ಶೈನ್ ವಾಟಲ್‌ನಲ್ಲಿ ಆ ಗ್ರಂಥಿ ದೊಡ್ಡದು, ಕೆಂಪಗೆ ಹೊಳೆಯುತ್ತದೆ. ಸಿಲ್ವರ್‌ಐ ಎಂಬ ಪುಟ್ಟ ಹಕ್ಕಿ, ಸ್ಪೈನ್‌ಬಿಲ್ ಎಂಬ ಬಾಗಿದ ಕೊಕ್ಕಿನ ಹಕ್ಕಿ ಅದನ್ನು ಹೀರಲು ಬರುತ್ತವೆ, ಹೀರುವಾಗ ತಲೆಗೂ ಎದೆಗೂ ಪರಾಗ ಮೆತ್ತಿಕೊಳ್ಳುತ್ತದೆ. ಚಳಿಗಾಲದ ಬೆಳಿಗ್ಗೆ ಹಳದಿ ಪುಡಿ ಹಚ್ಚಿಕೊಂಡ ಸ್ಪೈನ್‌ಬಿಲ್ ಅನ್ನು ಒಮ್ಮೆ ನೋಡಿದವರು ಮರೆಯಲಾರರು.

ಸತ್ತ ವಾಟಲ್ ಕಾಂಡವನ್ನೂ ಕಡಿಯಬೇಡಿ ಎಂದು ನನ್ನ ವಿನಂತಿ. ಹಳದಿ ಬಾಲದ ಕಪ್ಪು ಕಾಕಟೂಗಳು ಮುದಿ ವಾಟಲ್ ಮರಗಳ ಕಾಂಡವನ್ನು ಕೊಕ್ಕಿನಿಂದ ಸಿಗಿದು ಒಳಗಿನ ಹುಳುಗಳನ್ನು ತೆಗೆದು ತಿನ್ನುತ್ತವೆ. ಎಳೆಯ ವಾಟಲ್‌ಗಳ ಮೇಲೆ ಇಂಪೀರಿಯಲ್ ಹೇರ್‌ಸ್ಟ್ರೀಕ್ ಚಿಟ್ಟೆಯ ಮರಿಹುಳುಗಳು ಬೆಳೆಯುತ್ತವೆ, ಸುತ್ತ ಇರುವೆಗಳು ಕಾವಲು ನಿಲ್ಲುತ್ತವೆ. ಹುಳು ಒಸರುವ ಸಿಹಿ ರಸವೇ ಆ ಕಾವಲಿಗೆ ಸಿಗುವ ಕೂಲಿ.

ಏಣುದಾರಿ · ಜೂನ್ 18

ಇಷ್ಟೆಲ್ಲ ಓದಿದ ಮೇಲೆ ಸಂಕಟ ಹೆಚ್ಚಾಯಿತು, ಕಡಿಮೆಯಾಗಲಿಲ್ಲ. ಬೆಂಕಿ ಬಂದರೆ ಈ ಹನ್ನೊಂದೂ ಸಾಯುತ್ತವೆ ತಾನೇ? ಬ್ಯಾಂಕ್ಸಿಯಾ, ಗ್ರಾಸ್ ಟ್ರೀಗಳು ಸುಟ್ಟ ಮೇಲೆ ಚಿಗುರುವುದನ್ನು ನೋಡಿದ್ದೇನೆ. ಸ್ವೀಟ್ ವಾಟಲ್ ಚಿಗುರುತ್ತದೆಯೇ?

ಮರಳುಮಣ್ಣು · ಜೂನ್ 18

ಚಿಗುರುವುದಿಲ್ಲ. ಹನ್ನೊಂದೂ ಸಾಯುತ್ತವೆ. ಅದನ್ನು ಮರೆಮಾಚುವುದರಲ್ಲಿ ಅರ್ಥವಿಲ್ಲ.

ಆದರೆ ನೀವು ಎಣಿಸಿದ್ದು ನೆಲದ ಮೇಲಿರುವುದನ್ನು ಮಾತ್ರ. ಈ ಗಿಡದ ಬಹುಪಾಲು ಬದುಕು ನೆಲದೊಳಗಿದೆ. ಹೇಗೆ ಎಂದು ನಿಧಾನವಾಗಿ ಹೇಳುತ್ತೇನೆ, ಏಕೆಂದರೆ ನನಗೆ ಇದು ಅರ್ಥವಾದ ದಿನ ಕಾಡನ್ನು ನೋಡುವ ಕಣ್ಣೇ ಬದಲಾಯಿತು.

ಚಳಿಗಾಲದ ಹೂವು ಕಾಯಿ ಕಟ್ಟುತ್ತದೆ. ಚಪ್ಪಟೆ ಕಾಯಿ, ಎಳೆಯದಿದ್ದಾಗ ಅದಕ್ಕೂ ನೀಲಿ ಬೂದಿ ಸವರಿದಂಥ ಬಣ್ಣ. ನವೆಂಬರ್, ಡಿಸೆಂಬರ್‌ನ ಬಿಸಿಗೆ ಅದು ಒಡೆದು ಬೀಜಗಳು ನೆಲಕ್ಕೆ ಬೀಳುತ್ತವೆ. ಪ್ರತಿ ಬೀಜದ ತುದಿಯಲ್ಲಿ ಎಣ್ಣೆಯಂಶದ ಒಂದು ಸಣ್ಣ ತುಣುಕು ಅಂಟಿಕೊಂಡಿರುತ್ತದೆ. ಇರುವೆಗಳಿಗೆ ಅದು ಹಬ್ಬದೂಟ. ಬೀಜವನ್ನು ಗೂಡಿಗೆ ಎಳೆದೊಯ್ದು, ಆ ತುಣುಕನ್ನು ತಿಂದು, ಬೀಜವನ್ನು ಹಾಗೆಯೇ ಬಿಡುತ್ತವೆ. ಹೀಗೆ ಬೀಜ ಮಣ್ಣಿನ ಕೆಲವು ಸೆಂಟಿಮೀಟರ್ ಆಳ ಸೇರುತ್ತದೆ.

ಅಲ್ಲಿ ಅದು ಮೊಳೆಯುವುದಿಲ್ಲ. ಸಿಪ್ಪೆ ಎಷ್ಟು ಗಟ್ಟಿ ಎಂದರೆ ಮಳೆಗಾಲವಿಡೀ ನೆನೆದರೂ ನೀರು ಒಳಗೆ ಹೋಗುವುದಿಲ್ಲ. ವರ್ಷಗಟ್ಟಲೆ, ಕೆಲವೊಮ್ಮೆ ತಾಯಿ ಗಿಡ ಸತ್ತು ಕಾಲವಾದ ಮೇಲೂ, ಬೀಜ ಅಲ್ಲಿ ಜೀವ ಹಿಡಿದು ಕೂತಿರುತ್ತದೆ. ಅದನ್ನು ಎಬ್ಬಿಸುವುದು ಬಿಸಿ. ಮಣ್ಣು 60ರಿಂದ 80 ಡಿಗ್ರಿ ಸೆಲ್ಸಿಯಸ್‌ವರೆಗೆ ಕಾದರೆ ಸಿಪ್ಪೆ ಬಿರುಕು ಬಿಡುತ್ತದೆ, ಮುಂದಿನ ಮಳೆಗೆ ಮೊಳಕೆ ಬರುತ್ತದೆ. ತೀರ ಮೇಲಿದ್ದ ಬೀಜ ಬೆಂದು ಹೋಗುತ್ತದೆ. ತೀರ ಆಳದ್ದಕ್ಕೆ ಬಿಸಿ ತಲುಪುವುದಿಲ್ಲ. ನಡುವಿನ ತೆಳುವಾದ ಒಂದು ಪದರವೇ ಮುಂದಿನ ತಲೆಮಾರು. 1980ರ ದಶಕದಲ್ಲಿ ಟೋನಿ ಆಲ್ಡ್ ಎಂಬ ಪರಿಸರ ವಿಜ್ಞಾನಿ ಕು-ರಿಂಗ್-ಗಾಯ್ ಚೇಸ್ ರಾಷ್ಟ್ರೀಯ ಉದ್ಯಾನದಲ್ಲಿ ಇದೇ ಸ್ವೀಟ್ ವಾಟಲ್‌ನ ಹಿಂದೆ ಬಿದ್ದು, ಬೀಜದಿಂದ ಸಾವಿನವರೆಗಿನ ಲೆಕ್ಕವನ್ನೆಲ್ಲ ಹಾಕಿದರು. ನಿಮ್ಮ ಏಣಿನಂಥ ಏಣುಗಳ ಮೇಲೆಯೇ ಆ ಕೆಲಸ ನಡೆದದ್ದು.

ಆರು ವರ್ಷದ ಹಿಂದೆ ಇಪ್ಪತ್ತೈದು ಗಿಡಗಳಿದ್ದವು ಎಂದಿರಿ. ಅವು ಅಷ್ಟು ವರ್ಷ ಉದುರಿಸಿದ ಬೀಜ ಎಲ್ಲಿಗೂ ಹೋಗಿಲ್ಲ.

ಕಾಡುಹೂ · ಜೂನ್ 18

ಮರಳುಮಣ್ಣು ಅವರು ಹೇಳಿದ್ದು ಪೂರ್ತಿ ನಿಜ, ಆದರೆ ಅದನ್ನು ಓದಿ ‘ಬೆಂಕಿ ಎಂದರೆ ಒಳ್ಳೆಯದು’ ಎಂದು ಯಾರೂ ತಿಳಿಯಬಾರದು. ನನ್ನ ಆತಂಕ ಎರಡು.

ಮೊದಲನೆಯದು, ಎಷ್ಟು ವರ್ಷಕ್ಕೊಮ್ಮೆ ಎಂಬುದು. ಬೆಂಕಿಯ ನಂತರ ಹುಟ್ಟಿದ ಸಸಿ ಹೂ ಬಿಟ್ಟು, ಕಾಯಿ ಕಟ್ಟಿ, ಮಣ್ಣಿಗೆ ಮತ್ತೆ ಬೀಜ ತುಂಬಲು ಹಲವು ವರ್ಷ ಬೇಕು. ಅದಕ್ಕೆ ಮೊದಲೇ ಮತ್ತೊಮ್ಮೆ ಸುಟ್ಟರೆ ಉಳಿತಾಯವೆಲ್ಲ ಖರ್ಚಾಗುತ್ತದೆ, ಹೊಸದಾಗಿ ಏನೂ ಸೇರುವುದಿಲ್ಲ. ಇಂಥ ಎರಡು ಮೂರು ಬೆಂಕಿ ಬಿದ್ದರೆ ಆ ಜಾಗದಿಂದ ಗಿಡ ಅಳಿಯುತ್ತದೆ. 1994ರ ಜನವರಿಯಲ್ಲಿ ಸಿಡ್ನಿಯ ದಕ್ಷಿಣದ ರಾಯಲ್ ರಾಷ್ಟ್ರೀಯ ಉದ್ಯಾನದ ಹತ್ತರಲ್ಲಿ ಒಂಬತ್ತು ಭಾಗಕ್ಕಿಂತ ಹೆಚ್ಚು ಸುಟ್ಟುಹೋಗಿತ್ತು. ಅದು ಚೇತರಿಸಿಕೊಂಡದ್ದು ನಡುವೆ ಕಾಲಾವಕಾಶ ಸಿಕ್ಕಿದ್ದರಿಂದ.

ಎರಡನೆಯದು ನಿಮ್ಮ ಏಣಿಗೆ ನೇರವಾಗಿ ಸಂಬಂಧಿಸಿದ್ದು. ಆಗಸ್ಟ್‌ನ ಬೆಂಕಿ ಮೆಲ್ಲಗಿನದು, ನೆಲ ಇನ್ನೂ ತೇವವಾಗಿರುತ್ತದೆ. ಮೇಲಿನ ಗಿಡ ಸಾಯುತ್ತದೆ, ಆದರೆ ಮಣ್ಣು ಸಾಕಷ್ಟು ಆಳಕ್ಕೆ ಕಾಯದೇ ಇರಬಹುದು. ಅದರ ಮೇಲೆ ಈ ವರ್ಷದ ಕಾಯಿ ಆಗ ಇನ್ನೂ ಹಸಿ, ಆ ಬೀಜವೂ ಹೋಯಿತು. ಗಿಡವೂ ಇಲ್ಲ, ಮೊಳಕೆಯೂ ಕಡಿಮೆ ಎಂಬ ಸ್ಥಿತಿ ಬರಬಹುದು.

ಮರಳುಮಣ್ಣು · ಜೂನ್ 19

ಒಪ್ಪುತ್ತೇನೆ. ನಾನು ಅದನ್ನು ಹೇಳದೆ ಬಿಟ್ಟದ್ದು ತಪ್ಪು. ಏಣುದಾರಿಯವರೇ, ಬೆಂಕಿ ಹಚ್ಚುವ ಮೊದಲು ಕೌನ್ಸಿಲ್‌ಗೆ ಪತ್ರ ಬರೆಯಿರಿ. ಗಿಡಗಳಿರುವ ನಿಖರ ಜಾಗ, ಎಣಿಕೆ, ಆರು ವರ್ಷದ ಚಿತ್ರಗಳು ನಿಮ್ಮ ಬಳಿ ಇವೆ. ಇದು ಅವರಿಗೆ ಸುಲಭವಾಗಿ ಸಿಗದ ಮಾಹಿತಿ. ಬೆಂಕಿ ನಿಲ್ಲಿಸಿ ಎಂದು ಕೇಳಬೇಡಿ. ಮುಂದಿನ ಬೆಂಕಿಯನ್ನು ಬೇಗ ಹಚ್ಚಬೇಡಿ ಎಂದು ಕೇಳಿ.

ಅಡಿಲೇಡ್ ಅಜ್ಜಿ · ಜೂನ್ 19

ಬೆಂಕಿಯ ಮಾತು ಬಂದಾಗ ಈ ನೆಲದ ಮೂಲನಿವಾಸಿಗಳನ್ನು ನೆನೆಯದಿದ್ದರೆ ಹೇಗೆ? ಸಿಡ್ನಿಯ ದಕ್ಷಿಣದ ದರವಾಲ್ ಜನರ ಋತುಚಕ್ರದಲ್ಲಿ ವಾಟಲ್ ಹೂಗಳೇ ಪಂಚಾಂಗ. ಬಿಸಿಲು ಕಾಲದಲ್ಲಿ ವೀಟ್ಜೆಲ್ಲನ್ ಎಂದು ಅವರು ಕರೆಯುವ ವಾಟಲ್ ಅರಳಿತೆಂದರೆ ಕಾಡಿನ ಹತ್ತಿರ ಬೆಂಕಿ ಹಚ್ಚುವಂತಿಲ್ಲ, ಹಚ್ಚಿದರೂ ಮರಳಿನ ಮೇಲೆ ಮಾತ್ರ. ಚಳಿಗಾಳಿಯ ಕೊನೆಗೆ ಲೈರ್‌ಬರ್ಡ್ ಕೂಗುವ ಹೊತ್ತಿಗೆ ಮರೈಯುವೊ ಎಂಬ ಇನ್ನೊಂದು ವಾಟಲ್ ಅರಳುತ್ತದೆ. ಯಾವ ಹೂವು ಬಂದಾಗ ಬೆಂಕಿ ಕೂಡದು ಎಂಬುದನ್ನು ಹೂವಿನಿಂದಲೇ ಕಲಿತವರು ಅವರು. ದಿನಾಂಕ ನೋಡಿ ಬೆಂಕಿ ಹಚ್ಚುವ ನಾವು ಅವರಿಂದ ಕಲಿಯುವುದು ಬಹಳ ಇದೆ.

ಹೊಸಬ · ಜೂನ್ 20

ಹಾಗಿದ್ದರೆ ನರ್ಸರಿಯಿಂದ ವಾಟಲ್ ತಂದು ಎಲ್ಲರೂ ಹಿತ್ತಲಿನಲ್ಲಿ ನೆಟ್ಟರೆ ಸಮಸ್ಯೆ ಪರಿಹಾರವಾಗುವುದಿಲ್ಲವೇ? ಕೂಟಮಂಡ್ರಾ ವಾಟಲ್ ಬೇಗ ಬೆಳೆಯುತ್ತದೆ, ನೋಡಲೂ ಬಹಳ ಚೆಂದ ಎನ್ನುತ್ತಾರೆ.

ಹಕ್ಕಿಜಾಡು · ಜೂನ್ 20

ಅದನ್ನು ಮಾತ್ರ ಬೇಡ. ನಾನು ಆ ತಪ್ಪು ಮಾಡಿದ್ದೇನೆ. ‘ದೇಶೀ ಗಿಡ’ ಎಂಬ ಚೀಟಿ ನೋಡಿ ಕೂಟಮಂಡ್ರಾ ವಾಟಲ್ ತಂದು ಬೇಲಿಗೆ ನೆಟ್ಟೆ. ನಾಲ್ಕನೆಯ ವರ್ಷ ಬೇಲಿಯಾಚೆಯ ಕಾಡಿನಲ್ಲಿ ಅದರ ಸಸಿಗಳು ಕಂಡವು. ಅದರ ಸ್ವಂತ ನೆಲೆ ನ್ಯೂ ಸೌತ್ ವೇಲ್ಸ್‌ನ ಒಳನಾಡಿನ ಒಂದು ಸಣ್ಣ ಪ್ರದೇಶ. ಅದರಾಚೆ ಈ ದೇಶದೊಳಗೇ ಅದು ಕಳೆ. ಮರ ಕಡಿಸಿದೆ, ಆಮೇಲೆ ಮೂರು ಚಳಿಗಾಲ ಮಕ್ಕಳೊಂದಿಗೆ ಸಸಿಗಳನ್ನು ಕಿತ್ತೆ. ಮಣ್ಣಿನಲ್ಲಿ ಬೀಜ ಎಷ್ಟು ಕಾಲ ಕಾಯುತ್ತದೆ ಎಂದು ಮೇಲೆ ಓದಿದಿರಲ್ಲ, ಆ ಶಕ್ತಿ ತಪ್ಪು ಜಾಗದಲ್ಲಿ ಎಂಥ ಪೀಡೆಯಾಗುತ್ತದೆ ಎಂದು ಆಗ ಅರಿವಾಯಿತು.

ದಕ್ಷಿಣ ಆಫ್ರಿಕಾದಲ್ಲಿ ಸಿಡ್ನಿ ಗೋಲ್ಡನ್ ವಾಟಲ್, ಅಜ್ಜಿ ಹೇಳಿದ ಗೋಲ್ಡನ್ ವಾಟಲ್ ಎರಡೂ ಅಲ್ಲಿನ ಅಪರೂಪದ ಕುರುಚಲು ಕಾಡನ್ನು ನುಂಗಿವೆ. ಅವುಗಳ ಮೊಗ್ಗಿನಲ್ಲಿ ಗಂಟು ಕಟ್ಟುವ ಪುಟ್ಟ ಕಣಜಗಳನ್ನು 1980ರ ದಶಕದಲ್ಲಿ ಆಸ್ಟ್ರೇಲಿಯಾದಿಂದ ತರಿಸಿ ಬಿಟ್ಟ ಮೇಲೆಯೇ ಬೀಜದ ಪ್ರಮಾಣ ಇಳಿದದ್ದು. ಹುಟ್ಟಿದ ನೆಲದಲ್ಲಿ ವಾಟಲ್ ಹದ್ದುಬಸ್ತಿನಲ್ಲಿರುವುದು ಈ ಕಣಜ, ಹುಳು, ಶಿಲೀಂಧ್ರಗಳ ನಡುವೆ.

ಕಾಡುಹೂ · ಜೂನ್ 20

ನೆಡಲೇಬೇಕೆಂದಿದ್ದರೆ ನಿಮ್ಮ ಪ್ರದೇಶದ ಬೀಜದಿಂದಲೇ ಬೆಳೆಸಿದ ಸ್ಥಳೀಯ ಸಸಿ ಕೇಳಿ ಪಡೆಯಿರಿ. ಅನುಮತಿಯಿಂದ ಸಿಕ್ಕ ಬೀಜವಾದರೆ ಬಟ್ಟಲಿಗೆ ಹಾಕಿ ಕುದಿಯುವ ನೀರು ಸುರಿಯಿರಿ, ರಾತ್ರಿ ಹಾಗೆಯೇ ಬಿಡಿ. ಬೆಳಿಗ್ಗೆ ಉಬ್ಬಿದ ಬೀಜಗಳನ್ನು ಬಿತ್ತಿ. ಬೆಂಕಿಯ ಕೆಲಸವನ್ನು ಬಿಸಿನೀರು ಮಾಡಿಕೊಡುತ್ತದೆ. ರಂಜಕ ಇರುವ ಗೊಬ್ಬರ ಹಾಕಬೇಡಿ. ಹಾಕ್ಸ್‌ಬರಿ ಮರಳುಗಲ್ಲಿನ ಮಣ್ಣಿನಲ್ಲಿ ರಂಜಕ ಬಹಳ ಕಡಿಮೆ, ಇಲ್ಲಿನ ಗಿಡಗಳು ಆ ಬಡತನಕ್ಕೇ ಹೊಂದಿಕೊಂಡಿವೆ. ತೋಟಗಳಿಂದ ಗೊಬ್ಬರದ ನೀರು ಕಾಡಿಗೆ ಹರಿದ ಕಡೆಯೆಲ್ಲ ಪ್ರಿವೆಟ್, ಲಂಟಾನ ನುಗ್ಗುವುದಕ್ಕೆ ಇದೇ ಕಾರಣ.

ಕಾಲುದಾರಿಗೆ ಹೋಗುವವರು ಬೂಟಿನ ಮಣ್ಣು ಒರೆಸಿಕೊಂಡು ಹೋಗಿ. ಫೈಟೊಫ್ತೊರಾ ಎಂಬ ಬೇರುಕೊಳೆ ರೋಗಾಣು ಒದ್ದೆ ಮಣ್ಣಿನ ಜೊತೆ ಪ್ರಯಾಣ ಮಾಡುತ್ತದೆ.

ಏಣುದಾರಿ · ಆಗಸ್ಟ್ 27

ನಿನ್ನೆ ಬೆಂಕಿ ಹಚ್ಚಿದರು. ಇಂದು ದಾರಿ ಮುಚ್ಚಿದೆ, ಬೇಲಿಯ ಹೊರಗಿನಿಂದ ನೋಡಿದೆ. ತಿರುವಿನಲ್ಲಿ ಹನ್ನೊಂದು ಕಪ್ಪು ಕಡ್ಡಿಗಳು. ಅವುಗಳ ಮೇಲೆ ಹಸಿರು ಕಾಯಿಗಳಿದ್ದವು, ಎರಡು ವಾರದ ಹಿಂದೆ ಬೆರಳಿನಿಂದ ಮುಟ್ಟಿ ನೋಡಿದ್ದೆ. ಕೌನ್ಸಿಲ್‌ನಿಂದ ಉತ್ತರ ಬಂದಿದೆ, ನಾನು ಕಳಿಸಿದ ನಕ್ಷೆಯನ್ನು ದಾಖಲೆಗೆ ಸೇರಿಸಿಕೊಂಡಿದ್ದಾರೆ. ಅದಕ್ಕೆ ಕೃತಜ್ಞ. ಆದರೂ ಇವತ್ತು ಬೇರೆ ಏನೂ ಬರೆಯಲು ಮನಸ್ಸಿಲ್ಲ.

ಅಡಿಲೇಡ್ ಅಜ್ಜಿ · ಆಗಸ್ಟ್ 27

ಬರೆಯಬೇಡಪ್ಪ. ಮಳೆ ಬರಲಿ, ಆಮೇಲೆ ಹೋಗಿ ನೋಡು.

ಏಣುದಾರಿ · ಡಿಸೆಂಬರ್ 8

ಮೂರು ತಿಂಗಳು ಪ್ರತಿ ಶನಿವಾರ ಹೋದೆ. ಗ್ರಾಸ್ ಟ್ರೀಗಳು ಮೊದಲು ಹಸಿರಾದವು. ಗಿಡ್ಡ ಆ್ಯಂಗೊಫೊರಾ ಬುಡದಿಂದ ಕೆಂಪು ಚಿಗುರು ಬಿಟ್ಟಿತು. ವಾಟಲ್‌ಗಳಿದ್ದ ತಿರುವಿನಲ್ಲಿ ಏನೂ ಇರಲಿಲ್ಲ. ಕಾಡುಹೂ ಅವರು ಎಚ್ಚರಿಸಿದ್ದೇ ನಿಜವಾಯಿತು ಎಂದುಕೊಂಡಿದ್ದೆ. ಹನ್ನೊಂದು ಗಿಡಗಳ ಕೆಳಗಿನ ಎಲೆಕಸ ಮೇಲ್ಮೈಯಲ್ಲಷ್ಟೇ ಸುಟ್ಟಿದೆ, ಕೆದಕಿದರೆ ಒಳಗೆ ಇನ್ನೂ ಕಂದು ಬಣ್ಣ.

ಕಳೆದ ಶನಿವಾರ ತಿರುವಿನಿಂದ ಹತ್ತು ಹೆಜ್ಜೆ ಮೇಲೆ ಹೋದೆ. ಅಲ್ಲಿ ಒಂದು ದೊಡ್ಡ ನೀಲಗಿರಿ ಮರ ಬಹಳ ಹಿಂದೆ ಉರುಳಿ ಬಿದ್ದಿತ್ತು. ನಾನು ಅದರ ಮೇಲೆ ಕೂತು ನೀರು ಕುಡಿಯುತ್ತಿದ್ದೆ. ಆ ದಿಮ್ಮಿ ಪೂರ್ತಿ ಉರಿದು ಬೂದಿಯಾಗಿದೆ. ಬೂದಿಯ ಬಿಳಿ ಗೆರೆಯ ಎರಡೂ ಅಂಚಿನಲ್ಲಿ, ದಿಮ್ಮಿಯ ಉದ್ದಕ್ಕೂ, ಸಾಲು ಹಿಡಿದು ಸಸಿಗಳು ನಿಂತಿವೆ. ಮೊದಲು ನನಗೆ ಗುರುತು ಸಿಗಲಿಲ್ಲ, ಏಕೆಂದರೆ ಎಲೆ ಜಾಲಿಯ ಎಲೆಯಂತೆ ಸಣ್ಣದಾಗಿ ಸೀಳಿತ್ತು.

ಕಾಡುಹೂ · ಡಿಸೆಂಬರ್ 8

ವಾಟಲ್ ಸಸಿಯ ಮೊದಲ ಎಲೆಗಳು ಹಾಗೆಯೇ ಇರುತ್ತವೆ! ಫಿಲೋಡ್ ಆಮೇಲೆ ಬರುತ್ತದೆ. ಹತ್ತಿರದಿಂದ ನೋಡಿ: ಕೆಲವು ಸಸಿಗಳಲ್ಲಿ ತೊಟ್ಟು ಚಪ್ಪಟೆಯಾಗಲು ಶುರುವಾಗಿ, ತುದಿಯಲ್ಲಿ ಸೀಳೆಲೆ ಇನ್ನೂ ಅಂಟಿಕೊಂಡಿರಬಹುದು.

ಮರಳುಮಣ್ಣು · ಡಿಸೆಂಬರ್ 9

ದಿಮ್ಮಿ ಗಂಟೆಗಟ್ಟಲೆ ಉರಿದದ್ದರಿಂದ ಅದರ ಪಕ್ಕದ ಮಣ್ಣಿಗೆ ಸಾಕಷ್ಟು ಬಿಸಿ ಇಳಿದಿದೆ. ನೇರ ಕೆಳಗಿದ್ದ ಬೀಜ ಬೆಂದಿರುತ್ತದೆ, ಅಂಚಿನಲ್ಲಿದ್ದದ್ದು ಎದ್ದಿದೆ. ಇರುವೆಗಳು ಆ ದಿಮ್ಮಿಯ ಅಡಿಯಲ್ಲಿ ಗೂಡು ಮಾಡಿದ್ದಿರಬಹುದು. ಎಷ್ಟಿವೆ, ಎಣಿಸಿದಿರಾ?

ಏಣುದಾರಿ · ಡಿಸೆಂಬರ್ 14

ಎಣಿಸಿದೆ. ಅರವತ್ತನಾಲ್ಕು. ಕಾಡುಹೂ ಅವರು ಹೇಳಿದ ಅರ್ಧ ತೊಟ್ಟು, ಅರ್ಧ ಎಲೆಯ ಸಸಿಗಳು ಒಂಬತ್ತು. ಐದಾರರ ತುದಿಯನ್ನು ವಾಲಬಿ ತಿಂದು ಹೋಗಿದೆ. ಆ ಸಾಲಿನ ಮೇಲೆ ಯಾರೂ ಕಾಲಿಡದಂತೆ ದಾರಿಯನ್ನು ಒಂದು ಮೊಳ ಪಕ್ಕಕ್ಕೆ ಸರಿಸಲು ಸಾಧ್ಯವೇ ಎಂದು ಕೌನ್ಸಿಲ್‌ಗೆ ಇಂದು ಬರೆದಿದ್ದೇನೆ.